ಕಂಪ್ಯೂಟರಿನೊಳಗೆ ಕಂಡ ಹೊಸ ಡ್ರೈವು

ಆ ನೋಟಿಸಿನಲ್ಲಿ ಮೂರು ಕಡೆ ಕಾಗುಣಿತ ತಿದ್ದಿದವಳು ನಾನೇ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಮುಂದೆ ನಾನು ನಮ್ಮ ಹೆಡ್ ಮಾಸ್ತರರ ಮೇಲೆ, ಯಾದಗಿರಿಯಿಂದ ಬಂದ ರಿಪೇರಿಯವನ ಮೇಲೆ ಸಿಟ್ಟು ಕಾರುವುದಿದೆ. ಓದುವವರು ಅವರಿಬ್ಬರೇ ಕೆಟ್ಟವರು, ನಾನು ಮಾತ್ರ ಸಾಚಾ ಎಂದು ತಿಳಿಯಬಾರದು.

ನಾನು ಹೈಸ್ಕೂಲಿನಲ್ಲಿ ಕನ್ನಡ ಕಲಿಸುತ್ತೇನೆ. ಮನೆ ಶಹಾಪುರದಲ್ಲಿದೆ. ಶಾಲೆ ಅಲ್ಲಿಂದ ಬಸ್ಸಿನಲ್ಲಿ ಅರ್ಧ ಗಂಟೆಯ ದಾರಿ, ಊರಿನ ಹೆಸರು ಬೇಡ. ಶಾಲೆಯ ಆಫೀಸಿನಲ್ಲಿ ಒಂದು ಕಂಪ್ಯೂಟರ್. ಅದರ ಮುಂದೆ ಕೂರುತ್ತಿದ್ದವಳು ಸುರಪುರದ ಒಬ್ಬ ಹೆಣ್ಣುಮಗಳು, ವಯಸ್ಸು ಮೂವತ್ತರ ಆಚೆ. ದಿನಾ ಬೆಳಿಗ್ಗೆ ಸುರಪುರದಿಂದ ಬಸ್ಸು ಹಿಡಿದು ಶಹಾಪುರಕ್ಕೆ ಬಂದು, ಅಲ್ಲಿ ನನ್ನ ಜೊತೆ ಇನ್ನೊಂದು ಬಸ್ಸು ಹತ್ತುತ್ತಿದ್ದಳು. ಮನೆಯಲ್ಲಿ ಮಾತನಾಡುವುದು ದಖನಿ ಉರ್ದು. ಆದರೆ ಕನ್ನಡ ಟೈಪಿಂಗಿನಲ್ಲಿ ಒತ್ತಕ್ಷರ ತಪ್ಪಿದ್ದನ್ನು ನಾನು ಕಂಡದ್ದು ಕಡಿಮೆ. ಕಾಯಂ ನೌಕರಿಯಲ್ಲ, ವರ್ಷ ವರ್ಷ ಮುಂದುವರಿಸುವ ಗುತ್ತಿಗೆ. ಹಾಗೇ ಎಂಟು ವರ್ಷ ದಾಟಿತ್ತು. ಮಕ್ಕಳ ಹೆಸರು, ಹುಟ್ಟಿದ ದಿನ, ಅಂಕಗಳು, ವಿದ್ಯಾರ್ಥಿವೇತನದ ಅರ್ಜಿ, ವರ್ಗಾವಣೆ ಪತ್ರ, ನನ್ನ ಪ್ರಶ್ನೆಪತ್ರಿಕೆಗಳು, ಎಲ್ಲವೂ ಆಕೆಯ ಕೈಯಿಂದಲೇ ಆಗಬೇಕು. ಕಂಪ್ಯೂಟರಿನ ವಿಷಯದಲ್ಲಿ ಉಳಿದ ನಾವೆಲ್ಲ ಕಣ್ಣಿದ್ದೂ ಕುರುಡರು.

ಆ ವರ್ಷ ಅರ್ಧವಾರ್ಷಿಕ ಪರೀಕ್ಷೆ ಮುಗಿದ ಹೊತ್ತಿಗೆ ಕಂಪ್ಯೂಟರ್ ಬಹಳ ನಿಧಾನವಾಗಿತ್ತು. ಬಟನ್ ಒತ್ತಿ, ಹೊರಗೆ ಹೋಗಿ ಚಹಾ ಕುಡಿದು ಬಂದರೂ ಇನ್ನೂ ತಿರುಗುತ್ತಲೇ ಇರುತ್ತಿತ್ತು. ಹೆಡ್ ಮಾಸ್ತರರು ಯಾದಗಿರಿಯ ಒಬ್ಬ ರಿಪೇರಿಯವನಿಗೆ ಫೋನ್ ಮಾಡಿ, ಶನಿವಾರ ಬಂದು ಸರ್ವಿಸ್ ಮಾಡಿಕೊಡಲು ಹೇಳಿದರು. ಆ ಶನಿವಾರ ಆಕೆ ರಜೆಯಲ್ಲಿದ್ದಳು. ಸೈದಾಪುರದಲ್ಲಿ ಚಿಕ್ಕಮ್ಮನ ಮಗಳ ಮದುವೆ ಇತ್ತು. ರಜೆ ಅರ್ಜಿ ಕೊಟ್ಟೇ ಹೋಗಿದ್ದಳು. ಶನಿವಾರ ಶಾಲೆ ಬೆಳಗಿನದು. ಮಧ್ಯಾಹ್ನ ಎಲ್ಲರೂ ಹೋದ ಮೇಲೆ ರಿಪೇರಿಯವ ಬಂದು, ತನ್ನ ಕೆಲಸ ಮುಗಿಸಿಕೊಂಡು ಹೋದ. ಆಗ ಶಾಲೆಯಲ್ಲಿದ್ದವರು ಹೆಡ್ ಮಾಸ್ತರರು ಮತ್ತು ಜವಾನ, ಇಬ್ಬರೇ.

ಸೋಮವಾರ ಬೆಳಿಗ್ಗೆ ಆಕೆ ಕಂಪ್ಯೂಟರ್ ಶುರುಮಾಡಿ, ಎರಡು ನಿಮಿಷ ಪರದೆ ನೋಡಿ, ಎದ್ದು ನಿಂತಳು. ನಾನು ಹಾಜರಿ ಪುಸ್ತಕಕ್ಕೆ ರುಜು ಹಾಕಲು ಅದೇ ಕೋಣೆಗೆ ಬಂದಿದ್ದೆ.

"ಅಕ್ಕೋರ, ಇಲ್ಲಿ ನೋಡ್ರಿ. ಒಂದೂ ಫೈಲ್ ಇಲ್ಲ."

ಪರದೆ ಖಾಲಿ. ಹತ್ತನೇ ತರಗತಿಯ ಮಕ್ಕಳ ವಿವರ ಇದ್ದ ಫೋಲ್ಡರ್ ಇಲ್ಲ, ಅರ್ಧವಾರ್ಷಿಕದ ಅಂಕಗಳು ಇಲ್ಲ. ಡ್ರೈವುಗಳ ಪಟ್ಟಿ ತೆರೆದರೆ, ಮೊದಲು ಒಂದೇ ಡ್ರೈವ್ ಇದ್ದ ಕಡೆ ಈಗ ಎರಡು. ಎರಡನೆಯದರ ಹೆಸರು ಇ.ಎಸ್.ಡಿ.-ಯು.ಎಸ್.ಬಿ. ಎಂದೇನೋ ಇತ್ತು. ಅದರೊಳಗೆ ಬೂಟ್, ಸೋರ್ಸಸ್, ಸಪೋರ್ಟ್, ಸೆಟಪ್ ಎಂಬ ನನಗೆ ಅರ್ಥವಾಗದ ಹೆಸರುಗಳು. ಹೆಡ್ ಮಾಸ್ತರರು ಬಂದರು. ಆಕೆ ಅವರಿಗೆ ಹೇಳಿದ ಮಾತು ನನಗೆ ಚೆನ್ನಾಗಿ ನೆನಪಿದೆ.

"ಸರ್, ಇದನ್ನ ಫಾರ್ಮ್ಯಾಟ್ ಹೊಡದು, ಅಂದ್ರ ಪೂರಾ ಅಳಿಸಿ, ಹೊಸಾ ಓ.ಎಸ್. ಹಾಕ್ಯಾರ್ರಿ. ಪ್ರಿಂಟರ್ ಇಲ್ಲ, ಕನ್ನಡ ಟೈಪಿಂಗ್ ಇಲ್ಲ, ಫೈಲ್ ಯಾವೂ ಇಲ್ಲ. ಈ ಹೊಸಾ ಡ್ರೈವ್ ಅದ ಅಲ್ರಿ, ಇದು ಓ.ಎಸ್. ಹಾಕೋ ಪೆನ್ ಡ್ರೈವ್. ತಗೀಲಾರ್ದ ಹಂಗೇ ಹಿಂದ ಬಿಟ್ಟು ಹೋಗಿರಬೇಕು. ಟೇಬಲ್ ಸರಸಿ ನೋಡೋಣ್ರಿ."

ಆದದ್ದು ಏನು, ಮಾಡಿದವರು ಯಾರು, ಪುರಾವೆ ಎಲ್ಲಿದೆ ಎಂಬುದೆಲ್ಲ ಅಷ್ಟು ಮಾತಿನಲ್ಲಿ ಬಂದುಬಿಟ್ಟಿತ್ತು. ಮುಂದಿನ ಎಂಟು ದಿನ ನಾವು ಪಟ್ಟ ಪಾಡಿಗೆಲ್ಲ ಉತ್ತರ ಮೊದಲ ಐದು ನಿಮಿಷದಲ್ಲೇ ನಮ್ಮ ಕಿವಿಗೆ ಬಿದ್ದಿತ್ತು. ಕೇಳಿಸಿಕೊಳ್ಳುವ ಮನಸ್ಸು ನಮಗಿರಲಿಲ್ಲ.

"ನೀ ಸ್ವಲ್ಪ ಸುಮ್ನಿರಮ್ಮ," ಎಂದರು ಹೆಡ್ ಮಾಸ್ತರರು. "ಅವ್ರು ಕಂಪ್ಯೂಟರ್ ಕೋರ್ಸ್ ಮಾಡಿದವ್ರು. ಅವ್ರಿಗಿ ಕೇಳೋಣು."

"ಕೋರ್ಸ್ ನಾನೂ ಮಾಡೀನ್ರಿ ಸರ್."

ಅವರು ಆಗಲೇ ಫೋನ್ ಕೈಗೆತ್ತಿಕೊಂಡಿದ್ದರು. ಎಂಟು ವರ್ಷ ಎದುರಿಗೆ ದುಡಿದವಳಿಗೆ 'ನೀ', ಒಂದು ಶನಿವಾರ ಬಂದುಹೋದವನಿಗೆ 'ಅವ್ರು'. ಇದು ಆಗ ನನ್ನ ಕಿವಿಗೆ ಚುಚ್ಚಲಿಲ್ಲ, ಈಗ ಚುಚ್ಚುತ್ತದೆ.

ಫೋನಿನ ಸ್ಪೀಕರ್ ಹಾಕಿ ಮಾತಾಡಿದರು. ರಿಪೇರಿಯವನ ದನಿಯಲ್ಲಿ ಒಂದಿಷ್ಟೂ ಅಳುಕಿರಲಿಲ್ಲ.

"ನಾ ಬರೇ ಧೂಳ ಝಾಡಿಸಿ, ಬ್ಯಾಡಾದ ಫೈಲ್ ತಗದು ಬಂದೀನ್ರಿ ಸರ್. ಹೊಸಾ ಡ್ರೈವ್ ತೋರಸಾಕತ್ತದಂದ್ರ ಅದು ಖರೇ ವೈರಸ್ಸೇ. ಯಾರರ ಹೊರಗಿನ ಪೆನ್ ಡ್ರೈವ್ ಹಾಕ್ಯಾರ ನೋಡ್ರಿ. ಅದನ್ನ ಒತ್ತಾಕ ಹೋಗಬ್ಯಾಡ್ರಿ ಮತ್ತ, ಉಳದದ್ದೂ ಹೋಗ್ತದ."

ವೈರಸ್ ಎಂಬ ಶಬ್ದ ಕೇಳಿದ್ದೇ ಆಫೀಸಿನಲ್ಲಿ ಎಲ್ಲರೂ ಒಂದು ಹೆಜ್ಜೆ ಹಿಂದೆ ಸರಿದೆವು. ಏನೋ ಹಾವು ಹೊಕ್ಕ ಹಾಗೆ. ಹೆಡ್ ಮಾಸ್ತರರು ಎರಡು ವರ್ಷದ ಹಿಂದೆಯೇ ಹೊರಗಿನ ಪೆನ್ ಡ್ರೈವ್ ತರಕೂಡದೆಂದು ಆದೇಶ ಮಾಡಿದ್ದರು. ಆ ಆದೇಶದ ಕಾರಣಕ್ಕೇ ಆಕೆ ಫೈಲುಗಳ ಇನ್ನೊಂದು ಪ್ರತಿಯನ್ನು ಎಲ್ಲೂ ಇಟ್ಟುಕೊಂಡಿರಲಿಲ್ಲ. ಆದೇಶ ಪಾಲಿಸಿದ್ದರಿಂದಲೇ ಅಳಿಸಿದ್ದು ಮರಳಿ ಸಿಗದಂತಾಗಿತ್ತು. ಈಗ ಅದನ್ನು ಮುರಿದಿದ್ದಾಳೆಂದು ಆಕೆಯ ಮೇಲೇ ಸಂಶಯ.

"ಇಕಿ ಯಾವಾಗರ ಪೆನ್ ಡ್ರೈವ್ ಹಾಕಿದ್ದು ನೋಡೀರೇನ್ರಿ ಮೇಡಂ?" ಹೆಡ್ ಮಾಸ್ತರರು ನನ್ನ ಕಡೆ ತಿರುಗಿದರು.

ನಾನು ಯೋಚನೆ ಮಾಡಲಿಲ್ಲ. "ಹೋದ ವರ್ಷ ಒಮ್ಮೆ ಹಾಕಿದ್ದು ನೋಡಿದಂಗ ನೆನಪದ್ರಿ," ಎಂದುಬಿಟ್ಟೆ. ಸುಳ್ಳೇನೂ ಅಲ್ಲ. ಆದರೆ ಆ ಹೊತ್ತಿನಲ್ಲಿ ಆ ಮಾತು ಯಾವ ಕೆಲಸಕ್ಕೆ ಬರುತ್ತದೆಂದು ತಿಳಿಯದಷ್ಟು ಮುಗ್ಧೆಯೂ ನಾನಲ್ಲ. ಆಕೆ ನನ್ನ ಮುಖ ನೋಡಿದಳು.

ಮರುದಿನ ನೋಟಿಸು. ಅದನ್ನು ಟೈಪ್ ಮಾಡಬೇಕಾದವಳು ಯಾರು? ಶಾಲೆಯಲ್ಲಿ ಟೈಪಿಂಗ್ ಬರುತ್ತಿದ್ದವಳು ಆಕೆ ಒಬ್ಬಳೇ. ಕನ್ನಡ ಟೈಪ್ ಮಾಡುವ ತಂತ್ರಾಂಶ ಹೋಗಿತ್ತಲ್ಲ, ಅದನ್ನು ಮೊದಲು ಹೊಸದಾಗಿ ಹಾಕಿಕೊಂಡಳು. ಪ್ರಿಂಟರ್ ಜೋಡಿಸಿದಳು. ನಂತರ ಹೆಡ್ ಮಾಸ್ತರರು ಬೆನ್ನ ಹಿಂದೆ ನಿಂತು ಹೇಳುತ್ತ ಹೋದಂತೆ, ತನ್ನ ಮೇಲಿನ ಆರೋಪವನ್ನು ತಾನೇ ಟೈಪ್ ಮಾಡಿದಳು. 'ಸದರಿ ನೌಕರರು ಆದೇಶ ಉಲ್ಲಂಘಿಸಿ ಹೊರಗಿನ ಸಾಧನ ಬಳಸಿ ಶಾಲೆಯ ಗಣಕಯಂತ್ರಕ್ಕೆ ವೈರಸ್ ಸೇರಿಸಿ ಅಮೂಲ್ಯ ದಾಖಲೆಗಳ ನಾಶಕ್ಕೆ ಕಾರಣರಾಗಿರುವುದು ಮೇಲ್ನೋಟಕ್ಕೆ ಕಂಡುಬಂದಿರುತ್ತದೆ.' ಏಳು ದಿನದೊಳಗೆ ಲಿಖಿತ ಉತ್ತರ ಕೊಡಬೇಕು, ಇಲ್ಲದಿದ್ದರೆ ಗುತ್ತಿಗೆ ಮುಂದುವರಿಸುವುದಿಲ್ಲ. ಸಹಶಿಕ್ಷಕಿಯೊಬ್ಬರು ಕಣ್ಣಾರೆ ಕಂಡಿದ್ದಾರೆಂಬ ಮಾತೂ ಅದರಲ್ಲಿತ್ತು. ಆ ಸಹಶಿಕ್ಷಕಿ ನಾನು.

"ಮೇಡಂ, ಭಾಷಾ ಒಮ್ಮೆ ನೋಡ್ರಿ," ಎಂದು ಹೆಡ್ ಮಾಸ್ತರರು ಕರೆದರು. ನಾನು ಹೋಗಿ ಪಕ್ಕದ ಕುರ್ಚಿಯಲ್ಲಿ ಕುಳಿತೆ.

ಆಕೆ ಪರದೆಯಿಂದ ಕಣ್ಣು ತೆಗೆಯದೆ ಕೇಳಿದಳು: "ಅಕ್ಕೋರ, 'ದುರುದ್ದೇಶ' ಅಂತ ಸರ್ ಹೇಳ್ಯಾರ. ಇದು ಬರೋಬ್ಬರಿ ಅದ ಏನ್ರಿ?"

ನಾನು "ಬರೋಬ್ಬರಿ ಅದ" ಎಂದೆ. ಬೇರೆ ಮೂರು ಕಡೆ ತಿದ್ದಿದೆ. ಕಾಗದ ಪ್ರಿಂಟಾಗಿ ಬಂತು. ಅದನ್ನು ತಾನೇ ಎತ್ತಿ ಹೆಡ್ ಮಾಸ್ತರರ ಕೈಗೆ ಕೊಟ್ಟಳು. ಅವರು ರುಜು ಹಾಕಿ ಆಕೆಯ ಕೈಗೇ ತಿರುಗಿ ಕೊಟ್ಟರು. ತಲುಪಿದೆ ಎಂದು ಇನ್ನೊಂದು ಪ್ರತಿಯ ಮೇಲೆ ಆಕೆಯಿಂದ ರುಜು ಹಾಕಿಸಿಕೊಂಡರು. ಆಮೇಲೆ ಕಂಪ್ಯೂಟರನ್ನು ಯಾರೂ ಮುಟ್ಟಬಾರದೆಂದು ಅದರ ಮೇಲೊಂದು ಚೀಟಿ ಅಂಟಿಸಿದರು.

ಆವತ್ತು ಶಹಾಪುರದ ಬಸ್ ಸ್ಟ್ಯಾಂಡಿನಲ್ಲಿ ಇಳಿದಾಗ ಆಕೆ ಫೋನಿನಲ್ಲಿ ಮಾತಾಡುತ್ತಿದ್ದಳು. "ಮೈ ಕುಚ್ ನೈ ಕರಿ ಅಮ್ಮಿ, ಕುಚ್ ನೈ ಕರಿ" ಎಂದು ಎರಡು ಸಲ ಹೇಳಿದಳು. ನಾನೇನೂ ಮಾಡಿಲ್ಲ ಎಂದು ತಾಯಿಗೆ ಹೇಳುತ್ತಿದ್ದಾಳೆಂದು ತಿಳಿಯಲು ನನಗೆ ಉರ್ದು ಬರಬೇಕಿರಲಿಲ್ಲ. ನನ್ನನ್ನು ಕಂಡು ಫೋನ್ ಇಟ್ಟು ಸುರಪುರದ ಬಸ್ಸು ಹತ್ತಿದಳು.

ಮುಂದಿನ ಮೂರು ದಿನ ಆಕೆ ಸ್ಟಾಫ್ ರೂಮಿನ ಮೂಲೆಯ ಸ್ಟೂಲಿನ ಮೇಲೆ ಕುಳಿತು ಸಂಜೆ ಮಾಡಿದಳು. ಕೆಲಸವಿಲ್ಲ, ಕೆಲಸ ಕೊಡುವವರೂ ಇಲ್ಲ. ಕೆಲವರು ತಮ್ಮ ಮೊಬೈಲ್ ಚಾರ್ಜರನ್ನು ಆಕೆಯ ಹತ್ತಿರದಿಂದ ಎತ್ತಿ ಬೇರೆ ಕಡೆ ಇಟ್ಟುಕೊಂಡರು. ಚಾರ್ಜರಿಗೂ ವೈರಸ್ ಬಡಿಯುತ್ತದೆ ಎಂಬ ಹಾಗೆ! ಕಲಿತವರು, ಪಾಠ ಹೇಳುವವರು! ಶುಕ್ರವಾರ ನನಗೆ ತಡೆಯಲಾಗಲಿಲ್ಲ. ಬಸ್ಸಿನಲ್ಲಿ ಪಕ್ಕಕ್ಕೆ ಹೋಗಿ ಕುಳಿತೆ.

"ಆ ಡ್ರೈವ್ ಅಂದ್ರ ಏನು, ನನಗ ತಿಳಿಸಿ ಹೇಳು," ಎಂದೆ.

ಆಕೆ ಕಿಟಕಿಯ ಕಡೆಗೇ ಮುಖ ಮಾಡಿದ್ದಳು. "ಸೋಮವಾರ ಹೇಳಿದ್ನಲ್ರಿ ಅಕ್ಕೋರ."

"ಆಗ ಕೇಳಿಸ್ಕೊಳ್ಲಿಲ್ಲ. ಈಗ ಹೇಳು."

ನನ್ನ ಕಡೆ ತಿರುಗಿ, "ಹೇಳಿದ್ರ ತಿಳಿಯಂಗಿಲ್ರಿ. ಮಾಡಿ ತೋರಸ್ತೀನಿ. ನಿಮ್ಮ ಮನ್ಯಾಗ ಲ್ಯಾಪ್‌ಟಾಪ್ ಅದ ಅಲ್ರಿ?" ಎಂದಳು.

ಭಾನುವಾರ ಹತ್ತು ಗಂಟೆಗೆ ನಮ್ಮ ಮನೆಗೆ ಬಂದಳು. ಅಂಗಡಿಯಲ್ಲಿ ಕೊಂಡ ಹೊಸ ಪೆನ್ ಡ್ರೈವನ್ನು ಪೊಟ್ಟಣ ಕೂಡ ಒಡೆಯದೆ ತಂದಿದ್ದಳು. ಹಳೆಯದನ್ನು ತಂದರೆ ಅದರಲ್ಲೇ ವೈರಸ್ ಇತ್ತೆಂದು ಅಂದಾರು ಎಂಬ ಹೆದರಿಕೆ. ಊಟದ ಮೇಜಿನ ಮೇಲೆ ನನ್ನ ಲ್ಯಾಪ್‌ಟಾಪ್ ಇಟ್ಟು, ನನ್ನ ಕೈಯಿಂದಲೇ ಪೊಟ್ಟಣ ಒಡೆಸಿ, ನನ್ನ ಕೈಯಿಂದಲೇ ಪೆನ್ ಡ್ರೈವ್ ಹಾಕಿಸಿದಳು. ಓ.ಎಸ್. ತಯಾರಿಸುವ ಕಂಪನಿಯೇ ಎಲ್ಲರಿಗೂ ಕೊಡುವ ಒಂದು ಸಾಧನವಿದೆ, ಅದನ್ನು ಇಂಟರ್ನೆಟ್ಟಿನಿಂದ ಇಳಿಸಿಕೊಂಡು ನಡೆಸಿದರೆ, ಅದು ಖಾಲಿ ಪೆನ್ ಡ್ರೈವನ್ನು ಓ.ಎಸ್. ಹಾಕುವ ಡ್ರೈವ್ ಮಾಡಿಕೊಡುತ್ತದೆ ಎಂದಳು. ನಮ್ಮ ಮನೆಯ ಇಂಟರ್ನೆಟ್ಟಿಗೆ ಅದು ಎರಡೂವರೆ ತಾಸಿನ ಕೆಲಸವಾಯಿತು. ಅಷ್ಟರಲ್ಲಿ ರೊಟ್ಟಿ ಬಡಿದೆ. ಆಕೆ ಬದನೆಕಾಯಿ ಹೆಚ್ಚಿಕೊಟ್ಟಳು.

"ಪೆನ್ ಡ್ರೈವೇ ಯಾಕ ಬೇಕು? ಕಂಪ್ಯೂಟರ್ ಒಳಗಿಂದನೇ ಹಾಕಾಕ ಬರಂಗಿಲ್ಲೇನು?" ನಾನು ಕೇಳಿದೆ.

"ನೀವು ಕೌದಿ ಮ್ಯಾಲ ಕುಂತು, ಅದೇ ಕೌದಿ ಝಾಡಿಸಿ ಹೊಸಾದು ಹಾಸ್ರಿ ನೋಡೋಣು," ಎಂದು ಅಂದು ಮೊದಲ ಸಲ ನಕ್ಕಳು. "ಎದ್ದು ಬ್ಯಾರೆ ಕಡೆ ನಿಂದ್ರಬೇಕಲ್ರಿ. ಓ.ಎಸ್. ಅಂದ್ರ ಕಂಪ್ಯೂಟರ್ ಕುಂತಿರೋ ಕೌದಿ. ಅದನ್ನ ಪೂರಾ ತಗದು ಒಗಿಬೇಕಂದ್ರ, ಕಂಪ್ಯೂಟರಿಗಿ ಅಷ್ಟೊತ್ತು ನಿಂದ್ರಾಕ ಜಾಗಾ ಬೇಕು. ಆ ಜಾಗಾ ಈ ಪೆನ್ ಡ್ರೈವ್. ಅದರಿಂದ ಚಾಲೂ ಆಗ್ತದ, ಹಳೇದು ಅಳಸ್ತದ, ಹೊಸಾದು ಹಾಕ್ತದ. ಕೆಲ್ಸಾ ಮುಗಿದ ಮ್ಯಾಲ ತಗದ್ರ ಮುಗೀತು. ತಗೀದಿದ್ರ, ಎಲ್ಲಾ ಪೆನ್ ಡ್ರೈವ್ ಹೆಂಗ ಕಾಣಸ್ತಾವೋ ಹಂಗ ಪಟ್ಟಿನ್ಯಾಗ ಒಂದು ಡ್ರೈವ್ ಆಗಿ ಕಾಣಸ್ತದ. ಅದ್ರಾಗಿನ ಸೆಟಪ್ ನೀವಾಗೇ ಒತ್ತೋ ತನಕ ಅದು ಯಾರಿಗೂ ಏನೂ ಮಾಡಂಗಿಲ್ರಿ. ಸುಮ್ನ ಬಿದ್ದಿರ್ತದ."

ಇಷ್ಟೇ! ಇಷ್ಟಕ್ಕೆ ನಾವು ಹಿಂದೆ ಸರಿದಿದ್ದೆವು. ಇಷ್ಟಕ್ಕೆ ನಾನು ಕಾಗುಣಿತ ತಿದ್ದಿದ್ದೆ.

ಡ್ರೈವ್ ತಯಾರಾಯಿತು. ಪಟ್ಟಿ ತೆರೆದು ನೋಡಿದರೆ ಅದೇ ಹೆಸರು, ಇ.ಎಸ್.ಡಿ.-ಯು.ಎಸ್.ಬಿ. ಒಳಗೆ ಅದೇ ಬೂಟ್, ಅದೇ ಸೋರ್ಸಸ್, ಅದೇ ಸಪೋರ್ಟ್, ಅದೇ ಸೆಟಪ್. ಶಾಲೆಯಲ್ಲಿ ಕಂಡದ್ದಕ್ಕೂ ಇದಕ್ಕೂ ಕೂದಲಿನಷ್ಟು ವ್ಯತ್ಯಾಸವಿಲ್ಲ. ನಾನು ಹೊರಗೆಳೆದಾಗ ಪಟ್ಟಿಯಿಂದ ಮಾಯವಾಯಿತು, ಮತ್ತೆ ಹಾಕಿದಾಗ ಕಂಡಿತು. ಮಗುವಿನ ಹಾಗೆ ನಾಲ್ಕು ಸಲ ಹಾಕಿ ತೆಗೆದು ನೋಡಿದೆ. ನೋಡಿದಷ್ಟೂ ಸಿಟ್ಟು ಬಂತು.

ಆಕೆ ಇನ್ನೊಂದು ತೋರಿಸಿದಳು. ಪರದೆಯ ಮೇಲೆ ಒಂದು ಕರಿಯ ಕಿಟಕಿ ತೆರೆದು ಅದರಲ್ಲಿ ಒಂದೇ ಶಬ್ದ ಟೈಪ್ ಮಾಡಿದರೆ ಕಂಪ್ಯೂಟರ್ ತನ್ನ ಜಾತಕವನ್ನೆಲ್ಲ ಸಾಲಾಗಿ ಬಿಚ್ಚಿಡುತ್ತದೆ. ಅದರಲ್ಲೊಂದು ಸಾಲು, ಈ ಓ.ಎಸ್. ಹಾಕಿದ್ದು ಯಾವ ದಿನ, ಎಷ್ಟು ಗಂಟೆಗೆ ಎಂಬುದು.

"ಶಾಲಿ ಕಂಪ್ಯೂಟರಿನ್ಯಾಗ ಇದನ್ನ ನೋಡಿದ್ರ ಸಾಕ್ರಿ. ನಾ ಸೈದಾಪುರದಾಗ ಮದುವಿ ಊಟಾ ಮಾಡಾಕತ್ತಿದ್ದೆ ಆ ಹೊತ್ತಿಗಿ. ಆದ್ರ ಮುಟ್ಟಾಕ ಬಿಡಂಗಿಲ್ಲಲ್ಲ."

ಊಟಕ್ಕೆ ಕುಳಿತೆವು. "ಆ ಪೆನ್ ಡ್ರೈವಿನ ಮಾತು ನಾ ಅನ್ನಬಾರ್ದಾಗಿತ್ತು," ಎಂದೆ.

ಆಕೆ ರೊಟ್ಟಿ ಮುರಿಯುತ್ತ ಹೇಳಿದಳು: "ಅದು ನಿಮ್ಮ ಪ್ರಶ್ನೆಪತ್ರಿಕೀದೇ ಅಲ್ರಿ ಅಕ್ಕೋರ. ನಿಮಗ ಜ್ವರ ಬಂದಿತ್ತು, ಫೋನಿನ್ಯಾಗ ಹೇಳಿದ್ರಿ, ನಾ ಮನ್ಯಾಗ ಟೈಪ್ ಮಾಡಿ ಅದ್ರಾಗ ತಂದು ಪ್ರಿಂಟ್ ತಗದೆ. ನಿಮಗ ನೆನಪಿಲ್ಲ."

ನನಗೆ ನೆನಪಿರಲಿಲ್ಲ. ಖರೇ ಹೇಳುತ್ತೇನೆ, ಪೆನ್ ಡ್ರೈವ್ ನೆನಪಿತ್ತು, ಅದು ಯಾತಕ್ಕೆ ಬಂದಿತ್ತೆಂಬುದು ನೆನಪಿರಲಿಲ್ಲ. ನಮಗಾಗಿ ಮಾಡಿದ ಕೆಲಸವನ್ನು ಮರೆತು, ಮಾಡಿದವರ ಮೇಲೆ ಹೇಳಲು ಬೇಕಾದಷ್ಟನ್ನು ಮಾತ್ರ ನೆನಪಿಟ್ಟುಕೊಳ್ಳುವ ಬುದ್ಧಿ ನನ್ನಲ್ಲೂ ಇದೆಯೆಂದು ಆವತ್ತು ತಿಳಿಯಿತು. ಎದ್ದು ಒಳಗೆ ಹೋಗಿ ಮುಖ ತೊಳೆದುಕೊಂಡು ಬಂದೆ.

ಸೋಮವಾರ ಪ್ರಾರ್ಥನೆ ಮುಗಿದ ಕೂಡಲೇ ಲ್ಯಾಪ್‌ಟಾಪ್ ಹಿಡಿದು ಆಫೀಸಿಗೆ ಹೋದೆ. ಅಳಿಸಿದ ಫೈಲುಗಳು ಮರಳಿ ಬರುತ್ತವೋ ನೋಡಲು ಹೆಡ್ ಮಾಸ್ತರರು ರಿಪೇರಿಯವನನ್ನು ಅದೇ ದಿನ ಕರೆಸಿದ್ದರು. ಆತ ಅವರ ಎದುರಿನ ಕುರ್ಚಿಯಲ್ಲಿ ಕುಳಿತು ಚಹಾ ಕುಡಿಯುತ್ತಿದ್ದ. ಆಕೆ ಬಾಗಿಲ ಹತ್ತಿರ ನಿಂತಿದ್ದಳು. ನಾನು ಆಕೆಗೆ ಒಂದು ಕುರ್ಚಿ ಎಳೆದು ಹಾಕಿದೆ. ಆಕೆ ಕೂರಲಿಲ್ಲ.

ನಾನು ಲ್ಯಾಪ್‌ಟಾಪ್ ತೆರೆದು ನಮ್ಮ ಪೆನ್ ಡ್ರೈವ್ ಹಾಕಿ ತೋರಿಸಿದೆ. "ಸರ್, ಇದು ನಿನ್ನೆ ನಮ್ಮ ಮನ್ಯಾಗ ನನ್ನ ಕೈಲೇ ಮಾಡಿದ್ದು. ಹೆಸರು ನೋಡ್ರಿ. ಒಳಗಿನದ್ದೂ ನೋಡ್ರಿ. ನಮ್ಮ ಆಫೀಸಿನ ಕಂಪ್ಯೂಟರಿನ್ಯಾಗ ಇದೇ ಅದ. ಇದು ವೈರಸ್ ಅಲ್ಲ, ಓ.ಎಸ್. ಹಾಕೋ ಡ್ರೈವ್."

"ನೀವು ಯಾವಾಗ ಕಂಪ್ಯೂಟರ್ ಕಲ್ತ್ರಿ ಮೇಡಂ?" ಹೆಡ್ ಮಾಸ್ತರರು ನಕ್ಕರು.

"ನಿನ್ನೆ. ಇಕಿ ಕಲಿಸ್ಯಾಳ. ಈಗ ಆ ಚೀಟಿ ಕಿತ್ತು, ಇಕಿಗಿ ಐದು ನಿಮಿಷ ಕಂಪ್ಯೂಟರ್ ಮುಟ್ಟಾಕ ಬಿಡ್ರಿ. ಇಲ್ಲಂದ್ರ ಆ ನೋಟಿಸಿನ್ಯಾಗ ನನ್ನ ಸಾಕ್ಷಿ ಅದ ಅಲ್ಲ, ಅದು ಸುಳ್ಳಂತ ನಾ ಇವತ್ತೇ ಬರದು ಕೊಡ್ತೀನಿ."

ನನ್ನ ದನಿ ಏರಿತ್ತೆಂದು ಕಾಣುತ್ತದೆ, ಜವಾನ ಒಳಗೆ ಇಣುಕಿದ. ಹೆಡ್ ಮಾಸ್ತರರು ನಗು ನಿಲ್ಲಿಸಿ, "ಆತು, ತೋರಸ್ಲಿ," ಎಂದರು.

ಆಕೆ ಕುಳಿತು ಕರಿಯ ಕಿಟಕಿ ತೆರೆದಳು. ಒಂದು ಶಬ್ದ. ಸಾಲುಗಳು ಇಳಿದು ಬಂದವು. ಒಂದು ಸಾಲಿನ ಮೇಲೆ ಬೆರಳಿಟ್ಟಳು. ಓ.ಎಸ್. ಹಾಕಿದ್ದು ಆ ಶನಿವಾರ, ಮಧ್ಯಾಹ್ನ ಮೂರರ ನಂತರ. ನಾನು ಆಕೆಯ ರಜೆ ಅರ್ಜಿಯನ್ನು ಫೈಲಿನಿಂದ ತೆಗೆದು ಪಕ್ಕಕ್ಕಿಟ್ಟೆ.

ರಿಪೇರಿಯವ ಬಗ್ಗಿ ನೋಡಿದ. "ಅದು ತಾನೇ ಅಪ್‌ಡೇಟ್ ಆಗಿರಬೇಕ್ರಿ ಸರ್. ಆಗ್ತಾವ ಒಮ್ಮೊಮ್ಮೆ. ಆಗ ತಾರೀಖು ಬದ್ಲಾಗ್ತದ."

"ಅಪ್‌ಡೇಟ್ ಆದ್ರ ತಾರೀಖು ಬದ್ಲಾಗ್ತದ, ಅದು ಖರೇ," ಎಂದಳು ಆಕೆ. ದನಿ ಏರಿಸಲಿಲ್ಲ. "ಆದ್ರ ಫೈಲ್ ಅಳಸಂಗಿಲ್ಲ. ಪ್ರಿಂಟರ್ ತಗಿಯಂಗಿಲ್ಲ. ಕನ್ನಡ ತಗಿಯಂಗಿಲ್ಲ. ಮತ್ತ ಅಪ್‌ಡೇಟು ಹಿಂದ ಹೋಗಿ ಪೆನ್ ಡ್ರೈವ್ ಚುಚ್ಚಂಗಿಲ್ಲ. ಸರ್, ಟೇಬಲ್ ಸರಸ್ರಿ."

ಆ ಟೇಬಲ್ ಕಬ್ಬಿಣದ್ದು, ಮೂರು ಕಡೆ ಮುಚ್ಚಿತ್ತು, ಹಿಂಬದಿ ಗೋಡೆಗೆ ಅಂಟಿತ್ತು. ಜವಾನ ಮತ್ತು ನಾನು ಸೇರಿ ಎಳೆದೆವು. ಜವಾನ ಬಗ್ಗಿ ಕೈ ಹಾಕಿ, ಕಂಪ್ಯೂಟರಿನ ಹಿಂಬದಿಯಿಂದ ಏನೋ ಕಿತ್ತ. ಅದೇ ಕ್ಷಣ ಪರದೆಯ ಮೇಲಿನ ಪಟ್ಟಿಯಿಂದ ಆ ಎರಡನೇ ಡ್ರೈವ್ ಮಾಯವಾಯಿತು. ಜವಾನನ ಅಂಗೈಯಲ್ಲಿ ಉಗುರಿನಷ್ಟು ಸಣ್ಣ ಕರಿಯ ಪೆನ್ ಡ್ರೈವ್, ಅದಕ್ಕೊಂದು ಕೆಂಪು ದಾರ.

"ಅರೆ! ಇಲ್ಲದ ನೋಡ್ರಿ ಇದು!" ಎಂದು ರಿಪೇರಿಯವ ಎದ್ದು ಕೈ ಚಾಚಿದ. ಮುಖ ಅರಳಿತ್ತು. "ಎಂಟು ದಿನ ಆತು ಹುಡಕಾಕತ್ತೀನಿ ಇದನ್ನ."

ನಾವೆಲ್ಲ ಆತನ ಕಡೆ ತಿರುಗಿದೆವು. ತಾನೇನು ಅಂದೆ ಎಂದು ಆತನಿಗೆ ಹೊಳೆಯಲು ಸ್ವಲ್ಪ ಸಮಯ ಹಿಡಿಯಿತು. ಚಾಚಿದ ಕೈ ಹಾಗೇ ಇತ್ತು. ಜವಾನ ಪೆನ್ ಡ್ರೈವನ್ನು ಆತನಿಗೆ ಕೊಡಲಿಲ್ಲ, ತಂದು ಆಕೆಯ ಮುಂದೆ ಮೇಜಿನ ಮೇಲಿಟ್ಟ. ಆ ಮನುಷ್ಯನ ಮೇಲೆ ನನಗೆ ಆ ದಿನದಿಂದ ಬಹಳ ಗೌರವ.

ಆಮೇಲೆ ನಡೆದದ್ದು ನನಗೆ ಇನ್ನೂ ಹೆಚ್ಚು ಸಿಟ್ಟು ತರಿಸುತ್ತದೆ. ಕ್ಷಮೆ ಕೇಳಬೇಕಾದವರು ಕೇಳಲಿಲ್ಲ. ರಿಪೇರಿಯವ, "ಸ್ಲೋ ಬಾಳ ಇತ್ರಿ ಸರ್, ಫಾರ್ಮ್ಯಾಟ್ ಹೊಡೀದಿದ್ರ ಆಗ್ತಿದ್ದಿಲ್ಲ. ಫೈಲ್ ಬ್ಯಾರೆ ಕಡೆ ಇಟ್ಟಿರ್ತಾರ ಅಂದ್ಕೊಂಡೆ," ಎಂದು ಗೊಣಗಿದ. ಹೆಡ್ ಮಾಸ್ತರರು ಆತನನ್ನು ಬೈಯುತ್ತಾರೆಂದು ನಾನು ಕಾದೆ. ಅವರು ಜವಾನನಿಗೆ ಎಲ್ಲರಿಗೂ ಚಹಾ ತರಲು ಹೇಳಿದರು.

"ಆತು ಬಿಡ್ರಿ, ಸಮಸ್ಯಾ ಏನಂತ ತಿಳೀತಲ್ಲ," ಎಂದರು. ಆಕೆಯ ಕಡೆ ತಿರುಗಿ, "ಆ ಕಾಗದ ಹರದು ಒಗಿಯಮ್ಮ," ಎಂದರು.

"ಹರದು ಒಗಿಯಾಕ ಅದೇನು ಚೀಟಿ ಅಲ್ಲ ಸರ್," ಎಂದೆ ನಾನು. "ಅದಕ್ಕ ಜಾವಕ ನಂಬರ್ ಅದ. ಶಾಲೆಯಿಂದ ಹೊರಗ ಹೋದ ಕಾಗದದ ಪುಸ್ತಕದಾಗ ದಾಖಲ ಅದ. ನಾಳೆ ಯಾರರ ಆ ಪುಸ್ತಕ ತಗದ್ರ ಇಕಿ ಗುನ್ಹೆಗಾರ್ತಿ ಅಂತನೇ ಇರ್ತದ. ಹಿಂದಕ್ಕ ತಗೊಂಡೀವಿ ಅಂತ ಇನ್ನೊಂದು ಕಾಗದ ಆಗ್ಬೇಕು, ಅದಕ್ಕೂ ನಂಬರ್ ಬೀಳಬೇಕು."

ನಾನೇ ಕರಡು ಬರೆದೆ. 'ಕಂಪ್ಯೂಟರ್ ದುರಸ್ತಿಗೆ ಬಂದವರು ದಾಖಲೆ ಅಳಿಸಿದ್ದು ಸಾಬೀತಾಗಿದೆ, ಸದರಿ ನೌಕರರು ನಿರಪರಾಧಿಗಳು, ವಿಚಾರಿಸದೆ ನೋಟಿಸು ಕೊಟ್ಟದ್ದು ನಮ್ಮ ತಪ್ಪು' ಎಂದು. ಹೆಡ್ ಮಾಸ್ತರರು 'ತಪ್ಪು' ಹೊಡೆದು 'ಕಣ್ತಪ್ಪು' ಎಂದು ತಿದ್ದಿದರು. ನಾನು ಮತ್ತೆ 'ತಪ್ಪು' ಎಂದೆ. ಕಣ್ತಪ್ಪೆಂದರೆ ಕಣ್ಣಿಗೆ ಬೀಳದೆ ಆದದ್ದು. ಇಲ್ಲಿ ಆಕೆ ಕಣ್ಣೆದುರು ನಿಂತು ಹೇಳಿದ್ದಳಲ್ಲ ಎಂದು ವಾದಿಸಿದೆ. ಒಂದು ಶಬ್ದಕ್ಕೆ ಮುಕ್ಕಾಲು ತಾಸು ಜಗಳ. ಕೊನೆಗೆ ಅವರು ರುಜು ಹಾಕಿದ್ದು 'ಕಣ್ತಪ್ಪು' ಎಂಬುದಕ್ಕೇ. ನಾನು ಸೋತೆ. ಕಾಗದಕ್ಕೆ ನಂಬರಾದರೂ ಬಿತ್ತು. ಅದನ್ನು ಟೈಪ್ ಮಾಡಿದವಳೂ ಆಕೆಯೇ.

ಫೈಲು ಒಂದೂ ಮರಳಿ ಬರಲಿಲ್ಲ. ಉತ್ತರಪತ್ರಿಕೆಗಳ ಗಂಟು ಬಿಚ್ಚಿ ನಾನು ಅಂಕ ಓದುತ್ತ ಹೋದೆ, ಆಕೆ ಟೈಪ್ ಮಾಡುತ್ತ ಹೋದಳು. ಹತ್ತನೇ ತರಗತಿಯ ಮಕ್ಕಳು ಒಬ್ಬೊಬ್ಬರಾಗಿ ಬಂದು ತಂದೆತಾಯಿಯ ಹೆಸರು, ಹುಟ್ಟಿದ ದಿನ ಮತ್ತೆ ಹೇಳಿದರು. ಒಂದು ವಾರಕ್ಕಿಂತ ಹೆಚ್ಚು ಹಿಡಿಯಿತು. ವರ್ಷ ಮುಗಿಯುವತನಕ ಆಕೆ ಒಂದು ದಿನವೂ ತಪ್ಪಿಸದೆ ಬಂದಳು, ಪ್ರತಿ ಸಂಜೆ ಫೈಲುಗಳ ಇನ್ನೊಂದು ಪ್ರತಿ ಮಾಡಿ ಹೆಡ್ ಮಾಸ್ತರರ ಕಪಾಟಿನಲ್ಲೇ ಇಟ್ಟು ರುಜು ಹಾಕಿಸಿಕೊಂಡಳು. ಏಪ್ರಿಲಿನಲ್ಲಿ ಗುತ್ತಿಗೆ ಮುಂದುವರಿಸುತ್ತೇವೆಂದು ಹೇಳಿದಾಗ, ಬೇಡವೆಂದಳು.

ಈಗ ಆಕೆಗೆ ಸುರಪುರದಲ್ಲಿ ಒಂದು ಸಣ್ಣ ಕೋಣೆ ಇದೆ, ಎರಡು ಕಂಪ್ಯೂಟರ್. ಜನರಿಗೆ ಅರ್ಜಿ ತುಂಬಿಕೊಡುತ್ತಾಳೆ, ಕಂಪ್ಯೂಟರ್ ದುರಸ್ತಿಯನ್ನೂ ಮಾಡುತ್ತಾಳೆ. ಹೋದ ಬೇಸಿಗೆಯಲ್ಲಿ ನನ್ನದೊಂದು ಅರ್ಜಿ ತುಂಬಿಸಲು ಹೋಗಿದ್ದೆ. ಸರದಿಯಲ್ಲಿ ಆರು ಮಂದಿ. ಒಬ್ಬ ಮುದುಕರು ತಮ್ಮ ಕಂಪ್ಯೂಟರನ್ನು ತಂದಿಟ್ಟಿದ್ದರು. ಅದಕ್ಕೆ ಕೈ ಹಚ್ಚುವ ಮೊದಲು ಆಕೆ ಕೇಳಿದ್ದು, "ಇದ್ರಾಗ ನಿಮಗ ಬೇಕಾದ್ದು ಏನೇನ್ ಅದ ಹೇಳ್ರಿ, ಮೊದಲ ಅದನ್ನ ತಗದು ಇಡ್ತೀನಿ," ಎಂದು. ಎಷ್ಟು ಸಣ್ಣ ಪ್ರಶ್ನೆ. ಆ ಶನಿವಾರ ಇಷ್ಟನ್ನು ಕೇಳಿದ್ದರೆ ಸಾಕಿತ್ತು.

ಜನ ಕಡಿಮೆಯಾದ ಮೇಲೆ ನಾನು ಆ ಮಾತೆತ್ತಿದೆ. ಮಾಫಿ ಮಾಡು ಎಂದು ಕೇಳಿದೆ.

"ನೀವು ಸರ್ ಮುಂದ ನಿಂತ್ರಿ, ಅದು ನಾ ಮರಿಯಂಗಿಲ್ರಿ ಅಕ್ಕೋರ," ಎಂದಳು. ಅರ್ಜಿಗಳನ್ನು ಜೋಡಿಸಿಡುತ್ತ, "ಆದ್ರ ಆ ಸೋಮವಾರದ್ದೂ ಮರಿಯಾಕ ಆಗವಲ್ದು. ಸುಳ್ಳು ಯಾಕ ಹೇಳ್ಲಿ," ಎಂದಳು. ನನಗೆ ಅದು ನ್ಯಾಯವೆನಿಸಿತು.

ಮೊನ್ನೆ ಶಹಾಪುರದಲ್ಲಿ ಶಿಕ್ಷಕರ ತರಬೇತಿ ಇತ್ತು. ನಮ್ಮ ಹೆಡ್ ಮಾಸ್ತರರು ದಾಖಲೆಗಳನ್ನು ಜೋಪಾನ ಮಾಡುವ ಬಗ್ಗೆ ಮಾತಾಡುತ್ತ, ತಮ್ಮ ಶಾಲೆಗೆ ಹಿಂದೊಮ್ಮೆ ವೈರಸ್ ಬಂದು ಎಲ್ಲ ಅಳಿಸಿಹೋಗಿತ್ತೆಂದೂ, ಆಮೇಲೆ ತಾವು ಕಟ್ಟುನಿಟ್ಟು ಮಾಡಿದ್ದರಿಂದ ಸರಿಹೋಯಿತೆಂದೂ ಹೇಳಿದರು. ನಾನು ಮೂರನೇ ಸಾಲಿನಲ್ಲಿ ಕುಳಿತಿದ್ದೆ. ಎದ್ದು ನಿಂತೆ.

"ವೈರಸ್ ಬಂದಿದ್ದಿಲ್ಲ ಸರ್. ರಿಪೇರಿಯವ ಫಾರ್ಮ್ಯಾಟ್ ಹೊಡದಿದ್ದ. ನಮ್ಮ ಆಪರೇಟರ್ ಮೊದಲನೇ ದಿನಾನೇ ಹೇಳಿದ್ಲು, ನಾವು ಕೇಳ್ಲಿಲ್ಲ. ನಾನೂ ಕೇಳ್ಲಿಲ್ಲ."

ಸಭೆಯಲ್ಲಿ ಕೆಲವರು ನಕ್ಕರು. ಹೆಡ್ ಮಾಸ್ತರರು ನೀರು ಕುಡಿದು ಮುಂದಿನ ವಿಷಯಕ್ಕೆ ಹೋದರು. ಈಗಲೂ ನನ್ನ ಜೊತೆ ಸರಿಯಾಗಿ ಮಾತಾಡುವುದಿಲ್ಲ, ಅದರ ಫಿಕರ್ ನನಗಿಲ್ಲ.

ಚಹಾದ ಹೊತ್ತಿನಲ್ಲಿ ಮುದನಾಳದ ಕಡೆಯ ಒಬ್ಬ ಶಿಕ್ಷಕಿ ನನ್ನನ್ನು ಹುಡುಕಿಕೊಂಡು ಬಂದರು. "ಮೇಡಂ, ಹಂಗಾರ ಅದು ವೈರಸ್ ಅಲ್ಲೇನ್ರಿ? ನಮ್ಮ ಶಾಲ್ಯಾಗೂ ಹೋದ ವಾರದಿಂದ ಹಂಗೇ ಒಂದು ಡ್ರೈವ್ ಕಾಣಸಾಕತ್ತದ. ಎಲ್ಲಾರೂ ಅಂಜ್ಯಾರ."

"ಅಂಜಬ್ಯಾಡ್ರಿ. ಒಳಗಿನ ಸೆಟಪ್ ಒತ್ತಬ್ಯಾಡ್ರಿ. ಹಿಂದ ಏನರ ಚುಚ್ಚ್ಯಾರೇನು ನೋಡ್ರಿ. ದಿನಾ ಅದರ ಮುಂದ ಕುಂತು ಕೆಲಸಾ ಮಾಡೋರು ಯಾರು?"

"ಗುತ್ತಿಗಿ ಮ್ಯಾಲ ಒಬ್ಬಾಕಿ ಬರ್ತಾಳ್ರಿ."

"ಮೊದಲ ಅಕಿಗಿ ಕೇಳ್ರಿ. ಪೂರಾ ಹೇಳೋತನ ಕೇಳ್ರಿ," ಎಂದೆ. ಇನ್ನೂ ಏನಾದರೂ ಅನುಮಾನ ಉಳಿದರೆ ಫೋನ್ ಮಾಡಲಿ ಎಂದು ಸುರಪುರದ ಆಕೆಯ ನಂಬರನ್ನು ಅವರ ಡೈರಿಯಲ್ಲಿ ಬರೆದುಕೊಟ್ಟೆ.